ಕ್ಯಾಮೆರಾ ಯಾರ ಕಡೆ ತಿರುಗಿದೆ?



ವರದಕ್ಷಿಣೆ, ಹೊಡೆತಬಡಿತದ ಮಾತು ಬಿಟ್ಟು ಇವತ್ತು ಸಿನಿಮಾದ ಮಾತೇಕೆ ಎಂದು ಕೆಲವರು ಕೇಳಿದಿರಿ. ಕಾರಣವಿದೆ.

ಆನಂದ್ ಪಟವರ್ಧನ್ 1985ರಲ್ಲಿ ‘ಹಮಾರಾ ಶಹರ್’ ಎಂಬ ಸಾಕ್ಷ್ಯಚಿತ್ರ ಮಾಡಿದರು. ಕಟ್ಟುಕಥೆಯಿಲ್ಲ, ನಟರಿಲ್ಲ. ಮುಂಬಯಿಯ ಬಡವರ ಗುಡಿಸಲುಗಳನ್ನು ಪಾಲಿಕೆಯವರು ಕೆಡವುತ್ತಾರೆ, ಜನ ಮತ್ತೆ ಕಟ್ಟಿಕೊಳ್ಳುತ್ತಾರೆ.

ಅದರ ಶಕ್ತಿಯೆಲ್ಲ ಜೋಡಣೆಯಲ್ಲಿದೆ. ಉಳ್ಳವರು ಆರಾಮವಾಗಿ ಕುಳಿತು, ಈ ಜನರಿಂದ ಊರು ಕೆಟ್ಟಿತು ಎನ್ನುತ್ತಾರೆ. ಮರುಗಳಿಗೆಯೇ ಚಿತ್ರ ಬೀದಿಗಿಳಿಯುತ್ತದೆ. ಆ ಊರಿನ ಕಟ್ಟಡಗಳಿಗೆ ಮಣ್ಣು, ಕಲ್ಲು ಹೊತ್ತವರೇ ಅಲ್ಲಿ ಸೂರಿಲ್ಲದೆ ನಿಂತಿದ್ದಾರೆ. ಎರಡನ್ನೂ ಪಕ್ಕಪಕ್ಕ ಇಟ್ಟರೆ ಸಾಕು, ಯಾರೂ ವಿವರಿಸಬೇಕಿಲ್ಲ. ನಾವೂ ಹೀಗೆ ನೋಡುವುದನ್ನು ಕಲಿಯಬೇಕು. ‘ಸ್ಟೌವ್ ಸಿಡಿಯಿತು’ ಎಂದು ಮಹಜರಿನಲ್ಲಿ ಬರೆದಿರುತ್ತದೆ. ಅಡುಗೆಮನೆಗೆ ಹೋಗಿ ನೋಡಿದರೆ ಸ್ಟೌವ್‌ಗೆ ಒಂದು ತಗ್ಗೂ ಬಿದ್ದಿರುವುದಿಲ್ಲ!

ಚಿತ್ರದಲ್ಲಿ ಒಬ್ಬ ಹೆಂಗಸು ಕ್ಯಾಮೆರಾ ಹಿಡಿದವರನ್ನೇ ತರಾಟೆಗೆ ತೆಗೆದುಕೊಳ್ಳುತ್ತಾಳೆ. ಬಡವರ ಚಿತ್ರ ತೆಗೆದು ನೀವು ಹೆಸರು ಮಾಡುತ್ತೀರಿ, ನಮಗೇನು ಸಿಕ್ಕಿತು ಎಂಬುದು ಅವಳ ಸಿಟ್ಟು. ಪಟವರ್ಧನ್ ಅದನ್ನು ಕತ್ತರಿಸಿ ಹಾಕಲಿಲ್ಲ. ಇಡೀ ಚಿತ್ರದಲ್ಲಿ ನನಗೆ ಹೆಚ್ಚು ಬೇಕಾದದ್ದು ಅದೇ. ನಮ್ಮ ಬಗ್ಗೆ ವರದಿ ಬರೆಯಲು ಬರುವವರನ್ನು ನಾವು ಹೀಗೆ ಎಂದಾದರೂ ಕೇಳಿದ್ದೇವೆಯೇ?

1981ರಲ್ಲಿ ಮುಂಬಯಿಯ ಫುಟ್‌ಪಾತ್ ವಾಸಿಗಳನ್ನು ಎಬ್ಬಿಸಲು ಸರ್ಕಾರ ಹೊರಟಾಗ ಓಲ್ಗಾ ಟೆಲಿಸ್ ಎಂಬ ಪತ್ರಕರ್ತೆ ಮತ್ತು ಇತರರು ಸುಪ್ರೀಂ ಕೋರ್ಟಿಗೆ ಹೋದರು. 1985ರ ಜುಲೈನಲ್ಲಿ ತೀರ್ಪು ಬಂತು. ಬದುಕುವ ಹಕ್ಕಿನಲ್ಲಿ ಜೀವನೋಪಾಯದ ಹಕ್ಕೂ ಸೇರಿದೆ ಎಂದಿತು ಕೋರ್ಟು. ಆದರೆ ನೋಟಿಸು ಕೊಟ್ಟು ಎಬ್ಬಿಸಬಹುದು ಎಂದೂ ಹೇಳಿತು. ಒಂದು ಕೈಯಲ್ಲಿ ಕೊಟ್ಟು ಇನ್ನೊಂದು ಕೈಯಲ್ಲಿ ಕಿತ್ತುಕೊಂಡ ಹಾಗೆ.

ನಮ್ಮ ವಿಷಯ ಇಲ್ಲಿಗೇ ಬಂದು ಸೇರುತ್ತದೆ. 2005ರ ಕೌಟುಂಬಿಕ ದೌರ್ಜನ್ಯ ಕಾಯಿದೆ, ಮನೆ ಗಂಡನ ಹೆಸರಿನಲ್ಲಿದ್ದರೂ ಹೆಂಡತಿಗೆ ಅಲ್ಲಿ ವಾಸದ ಹಕ್ಕು ಕೊಟ್ಟಿದೆ. ಸರಿ, ಮನೆಯನ್ನೇ ನೆಲಸಮ ಮಾಡಿದರೆ ಅವಳು ವಾಸದ ಹಕ್ಕನ್ನು ಎಲ್ಲಿ ಕೇಳಬೇಕು? ಪಾತ್ರೆ, ರೇಷನ್ ಕಾರ್ಡು, ಮಕ್ಕಳ ಪುಸ್ತಕ ಎಲ್ಲವೂ ಬೀದಿಯಲ್ಲಿ. ಹೊಡೆಯುವ ಗಂಡ ಮಾತ್ರ ಜೊತೆಯಲ್ಲೇ ಇರುತ್ತಾನೆ. ಬುಲ್‌ಡೋಜರು ಬಂದ ದಿನ ಕ್ಯಾಮೆರಾ ಬರುತ್ತದೆ, ಅವನು ಕೈ ಎತ್ತಿದ ರಾತ್ರಿ ಬರುವುದಿಲ್ಲ. ಆ ರಾತ್ರಿಗೆ ಸಾಕ್ಷಿ ಪಕ್ಕದ ಗುಡಿಸಲಿನವಳೇ. ಊರು ಎಬ್ಬಿಸಿದಾಗ ಅವಳೂ ಎಲ್ಲೋ ಚದುರಿ ಹೋಗುತ್ತಾಳೆ.

ಭಾನುವಾರ ಸಂಘದ ಕೋಣೆಯಲ್ಲಿ ಈ ಚಿತ್ರ ತೋರಿಸುತ್ತೇವೆ. ಹಿಂದಿ ಬಾರದವರಿಗೆ ನಾನು ನಿಲ್ಲಿಸಿ ನಿಲ್ಲಿಸಿ ಹೇಳುತ್ತೇನೆ. ಆ ಹೆಂಗಸು ಬೈಯುವ ಜಾಗ ಬಂದಾಗ ದಯವಿಟ್ಟು ಯಾರೂ ಚಹಾಕ್ಕೆ ಏಳಬೇಡಿ.