ಅಬ್ಬರದೊಳಗಣ ಆರ್ದ್ರತೆ



ನಮ್ಮ ಮಕ್ಕಳು ಕೇಳುವ ಹಾರ್ಡ್ ರಾಕ್, ಹೆವಿ ಮೆಟಲ್ ಸಂಗೀತವನ್ನು ಬರಿಯ ಗದ್ದಲವೆಂದು ತಳ್ಳಿಹಾಕಿದವರಲ್ಲಿ ನಾನೂ ಒಬ್ಬ. ಕಳೆದ ಮಳೆಗಾಲದ ಒಂದು ಸಂಜೆ, ಡೊಂಬಿವಲಿಗೆ ಮುನ್ನ ಗಾಡಿ ನಿಂತೇ ಇದ್ದಾಗ, ಮಗನು ತನ್ನ ಇಯರ್‌ಫೋನಿನ ಒಂದು ತುದಿಯನ್ನು ನನ್ನ ಕಿವಿಗಿತ್ತ. ಅದು ಮೆಟಾಲಿಕಾ ತಂಡದ 1991ರ ‘ನಥಿಂಗ್ ಎಲ್ಸ್ ಮ್ಯಾಟರ್ಸ್’. ಗದ್ದಲವನ್ನು ನಿರೀಕ್ಷಿಸಿದ ನನಗೆ ಕೇಳಿಸಿದ್ದು ಒಂಟಿ ಗಿಟಾರಿನ ಮೆಲುದನಿ. ಸಂಚಾರದಲ್ಲಿದ್ದ ಗಾಯಕ ಜೇಮ್ಸ್ ಹೆಟ್‌ಫೀಲ್ಡ್ ತನಗಾಗಿಯೇ ಕಟ್ಟಿಕೊಂಡು, ಲೋಕದ ಮುಂದಿಡಲು ಅಳುಕಿದ್ದ ಹಾಡಂತೆ ಅದು.

ಸ್ಕಾರ್ಪಿಯನ್ಸ್ ತಂಡದ ‘ಸ್ಟಿಲ್ ಲವಿಂಗ್ ಯು’ (1984), ಗನ್ಸ್ ಎನ್ ರೋಸಸ್ ತಂಡದ ‘ನವೆಂಬರ್ ರೇನ್’ (1991) ಇವುಗಳ ನಡೆಯೂ ಹೆಚ್ಚುಕಡಿಮೆ ಇದೇ: ಮೆಲ್ಲನೆ ತೊಡಗಿ, ಡ್ರಮ್ ಸೇರಿ, ಕೊನೆಗೆ ವಿದ್ಯುತ್ ಗಿಟಾರು ಬಾಯಿಬಿಟ್ಟು ಅಳುತ್ತದೆ. ಇದರಲ್ಲಿ ಕ್ಯಾಸೆಟ್ಟು ಮಾರುವ ವ್ಯಾಪಾರಸೂತ್ರವೂ ಇತ್ತೆಂಬುದು ನಿಜ. ಆದರೆ ಸೂತ್ರವೊಂದರಿಂದಲೇ ಹಾಡು ಮೂವತ್ತು ವರ್ಷ ಬಾಳದು.

ಯಕ್ಷಗಾನ ಬಲ್ಲ ನಮಗೆ ಇದು ಅಪರಿಚಿತವೇ? ಕರುಣರಸದ ಸನ್ನಿವೇಶದಲ್ಲಿ ಚಂಡೆ ಬಹುಮಟ್ಟಿಗೆ ಸುಮ್ಮನಾಗುತ್ತದೆ. ಭಾಗವತರ ಕಂಠ, ಮದ್ದಳೆಯ ನುಡಿ ಅಷ್ಟೇ. ಗುಡುಗಬಲ್ಲ ಚಂಡೆ ಪಕ್ಕದಲ್ಲೇ ಇರುವುದರಿಂದಲೇ ಆ ಮೌನಕ್ಕೆ ತೂಕ. ಗಟ್ಟಿಗನ ಕಣ್ಣೀರನ್ನು ಕಂಡಾಗ ನಾವು ಕರಗುವುದೂ ಹೀಗೆಯೇ.

ಆ ಗಾಡಿಯಲ್ಲಿ ನನ್ನನ್ನು ಕಾಡಿದ ಪ್ರಶ್ನೆ ಬೇರೆ. ಮಗನು ತನ್ನ ದುಗುಡಕ್ಕೆ ಇಂಗ್ಲಿಷ್ ಹಾಡನ್ನೇಕೆ ಅರಸಿದ? ಠಾಣೆ, ಕಲ್ಯಾಣ, ನವಿ ಮುಂಬಯಿಗಳ ಮನೆಗಳಲ್ಲಿ ನಾವು ಕನ್ನಡವನ್ನು ‘ಓದು’, ‘ಏಳು’, ‘ಬೇಗ ಬಾ’ ಎಂಬ ಅಪ್ಪಣೆಗಳಿಗೆ ಬಳಸಿದೆವು. ರಾಜ್ಯೋತ್ಸವದ ವೇದಿಕೆಯಲ್ಲಿ ಹೆಮ್ಮೆಗೆ ಬಳಸಿದೆವು. ನಮ್ಮ ಅಳಲನ್ನು ಮಕ್ಕಳೆದುರು ಕನ್ನಡದಲ್ಲಿ ಆಡಲೇ ಇಲ್ಲ. ಊರು ಬಿಟ್ಟ ನೋವನ್ನು ನನ್ನ ತಂದೆ ನನಗೆ ಹೇಳಲಿಲ್ಲ. ನಾನು ನನ್ನ ಮಗನಿಗೆ ಹೇಳಲಿಲ್ಲ. ಅಳಲರಿಯದ ಭಾಷೆ ಮೂರನೆಯ ತಲೆಮಾರಿಗೆ ದಾಟೀತೆ?

ಬೆಂಗಳೂರಿನ ಅರಮನೆ ಮೈದಾನದಲ್ಲಿ 2005ರಲ್ಲಿ ಸಿ. ಅಶ್ವತ್ಥರ ‘ಕನ್ನಡವೇ ಸತ್ಯ’ ಮೊಳಗಿತು. 2011ರಲ್ಲಿ ಅಲ್ಲಿಯೇ ಮೆಟಾಲಿಕಾ ಹಾಡಿತು. ಒಂದು ಮೈದಾನ ಎರಡನ್ನೂ ತಾಳಿಕೊಂಡಿತು. ನಮ್ಮ ಸಂಘದ ಸಭಾಂಗಣ ತಾಳದೇ? ಮುಂದಿನ ಕೂಟಕ್ಕೆ ಮಕ್ಕಳು ಗಿಟಾರು ತರಲಿ. ಅವರ ಹಾಡನ್ನು ಮೊದಲು ನಾವು ಕೇಳೋಣ. ಆಮೇಲೆ ನಮ್ಮದನ್ನು ಹಾಡೋಣ.