ಶಂಕರ್ ನಾಗ್ ಬರೀ ಆಟೋ ಹಿಂದಿನ ಫೋಟೋ ಅಲ್ಲ!
(ರಾಜ್ಯೋತ್ಸವದ ಸಭೆಯಲ್ಲಿ ಮಾಡಿದ ಭಾಷಣ)

ಯುವ ಕನ್ನಡಿಗರೇ,

ನಾನು ಸಾಹಿತಿಯಲ್ಲ. ಪಿಯುಸಿ ಮುಗಿಸಿ, ಅಚ್ಚಿನ ಮೊಳೆ ಜೋಡಿಸುತ್ತಾ ಕೆಲಸ ಕಲಿತವನು. ನವಲಗುಂದದಲ್ಲಿ ನನ್ನದೊಂದು ಸಣ್ಣ ಪ್ರೆಸ್ಸು. ನವೆಂಬರ್ ಬಂತೆಂದರೆ ಹುಡುಗರು ಶಂಕರ್ ನಾಗ್ ಫೋಟೋ ತಂದು "ದೊಡ್ಡದಾಗಿ ಹಾಕ್ರಿ ಅಣ್ಣಾರ" ಅನ್ನುತ್ತಾರೆ. ಹಾಕಿಕೊಡುತ್ತೇನೆ. "ಅವರ ನಾಟಕದ ಬಗ್ಗೆ ಏನರ ಗೊತ್ತೈತೇನ್ರಪಾ?" ಎಂದರೆ ಮಾತ್ರ ಉತ್ತರವಿಲ್ಲ! ಅದಕ್ಕೇ ನಿಮ್ಮ ಮುಂದೆ ಈ ನಾಲ್ಕು ಮಾತು.

1954ರ ನವೆಂಬರ್ 9ರಂದು ಹುಟ್ಟಿದ, ಉತ್ತರ ಕನ್ನಡದ ಹೊನ್ನಾವರ ಕಡೆಯ ಹುಡುಗ. ಮನೆಮಾತು ಕೊಂಕಣಿ. ನಾಟಕದ ಹುಚ್ಚು ಹಿಡಿದದ್ದು ಮುಂಬಯಿಯ ಮರಾಠಿ ರಂಗಭೂಮಿಯಲ್ಲಿ. ಅಲ್ಲೇ ಉಳಿಯಬಹುದಿತ್ತು. 1978ರಲ್ಲಿ ಗಿರೀಶ ಕಾರ್ನಾಡರು 'ಒಂದಾನೊಂದು ಕಾಲದಲ್ಲಿ' ಚಿತ್ರಕ್ಕೆ ಕರೆದರು. ಮೊದಲ ಕನ್ನಡ ಚಿತ್ರಕ್ಕೇ ಭಾರತದ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಶ್ರೇಷ್ಠ ನಟ ಪ್ರಶಸ್ತಿ! ಆಮೇಲೆ ಕನ್ನಡ ಬಿಟ್ಟು ಹೋಗಲಿಲ್ಲ. ಕನ್ನಡಿಗ ಯಾರು ಎಂದು ಕೇಳುವವರಿಗೆ ಇದಕ್ಕಿಂತ ಉತ್ತರ ಬೇಕೆ? ದುಡಿದು ತೋರಿಸಿದವನೇ ಕನ್ನಡಿಗ.

1980ರ 'ಆಟೋ ರಾಜ' ನಿಮಗೆ ಗೊತ್ತು. ಅದೇ ವರ್ಷ ಅವರು 'ಮಿಂಚಿನ ಓಟ' ನಿರ್ದೇಶಿಸಿದರು. 1985ರಲ್ಲಿ ಬಂದ 'ಆಕ್ಸಿಡೆಂಟ್' ಹಣವಂತರ ಸೊಕ್ಕನ್ನು ಬಯಲಿಗೆಳೆದು ರಾಷ್ಟ್ರಪ್ರಶಸ್ತಿ ಪಡೆಯಿತು. ಆಗುಂಬೆಯನ್ನೇ ಮಾಲ್ಗುಡಿ ಮಾಡಿ ಇಡೀ ದೇಶಕ್ಕೆ ತೋರಿಸಿದರು. ಹನ್ನೆರಡೇ ವರ್ಷ, ಸುಮಾರು 80 ಚಿತ್ರ! ಇಷ್ಟರ ನಡುವೆಯೂ ಅರುಂಧತಿ ಅವರೊಡನೆ 'ಸಂಕೇತ್' ತಂಡ ಕಟ್ಟಿ 'ಅಂಜುಮಲ್ಲಿಗೆ', 'ನಾಗಮಂಡಲ'ದಂಥ ನಾಟಕ ಆಡಿಸಿದರು. ಸಿನಿಮಾ ಅನ್ನ ಕೊಟ್ಟಿತು, ಹೆಸರು ಕೊಟ್ಟಿತು. ಆದರೂ ರಂಗಭೂಮಿಯ ಕೈ ಬಿಡಲಿಲ್ಲ.

ಗಣಪತಿ ಹಬ್ಬದ ಬೆನ್ನಿಗೆ ನಮ್ಮ ಹಳ್ಳಿಗಳಲ್ಲಿ ಜೋಕುಮಾರ ಬರುತ್ತಾನೆ. ಬುಟ್ಟಿಯ ಬೇವಿನ ಸೊಪ್ಪಿನಲ್ಲಿ ಮಣ್ಣಿನ ಮೂರ್ತಿ ಕೂರಿಸಿ, ತಾಯಂದಿರು ಮನೆಮನೆಗೆ ಹೊತ್ತು ಹಾಡುತ್ತಾರೆ. ಈ ಆಚರಣೆಯಿಂದಲೇ ಚಂದ್ರಶೇಖರ ಕಂಬಾರರು 'ಜೋಕುಮಾರಸ್ವಾಮಿ' ನಾಟಕ ಬರೆದರು. ಅದು ಸಿನಿಮಾ ಆಗುವಾಗ ಅದರ ಕೆಲಸಕ್ಕೆಂದೇ ಶಂಕರ್ ನಾಗ್ ನಮ್ಮ ಉತ್ತರ ಕರ್ನಾಟಕದ ಕಡೆ ಹೊರಟಿದ್ದರು. 1990ರ ಸೆಪ್ಟೆಂಬರ್ 30ರಂದು ದಾವಣಗೆರೆ ಹತ್ತಿರದ ಆನಗೋಡಿನಲ್ಲಿ ಅಪಘಾತ. ವಯಸ್ಸು ಬರೀ 35.

ಅರುಂಧತಿ ನಾಗ್ ಅಳುತ್ತಾ ಕೂರಲಿಲ್ಲ. ವರ್ಷಾನುಗಟ್ಟಲೆ ಹಣ ಕೂಡಿಸಿ, 2004ರಲ್ಲಿ ಬೆಂಗಳೂರಿನ ಜೆ.ಪಿ. ನಗರದಲ್ಲಿ 'ರಂಗಶಂಕರ' ಎಬ್ಬಿಸಿದರು. ನಿಜವಾದ ಸ್ಮಾರಕ ಅದು.

ನೀವೇನು ಮಾಡುತ್ತೀರಿ? ಹಾರ ಹಾಕುತ್ತೀರಿ, ಸ್ಟಿಕ್ಕರ್ ಅಂಟಿಸುತ್ತೀರಿ. ಬೇಡ ಅನ್ನುವುದಿಲ್ಲ. ಆದರೆ ಅಣ್ಣಿಗೇರಿ, ಕುಂದಗೋಳ, ಕಲಘಟಗಿಯ ಹಳ್ಳಿಗಳಲ್ಲಿ ಜಾತ್ರೆ ನಾಟಕಕ್ಕೆ ಸಾವಿರ ಕರಪತ್ರ ಹಾಕಿಸುತ್ತಿದ್ದವರು ಈಗ ನೂರಕ್ಕೆ ಸಾಕು ಅನ್ನುತ್ತಿದ್ದಾರೆ. ನೋಡುವವರಿಲ್ಲದೆ ಕನ್ನಡ ನಾಟಕ ಉಳಿದೀತೆ? ಬರೀ ಘೋಷಣೆಯಿಂದ ಭಾಷೆ ಬದುಕೀತೆ? ಆಡುವವರ ಬಾಯಲ್ಲಿ, ಕೇಳುವವರ ಕಿವಿಯಲ್ಲಿ ಅದು ಬದುಕಬೇಕು.

ತಿಂಗಳಿಗೊಂದು ಕನ್ನಡ ನಾಟಕ ನೋಡಿ. ಪುಕ್ಕಟೆ ಪಾಸು ಕೇಳಬೇಡಿ, ಟಿಕೆಟ್ ಕೊಳ್ಳಿ. ಗೆಳೆಯನೊಬ್ಬನನ್ನು ಕರೆದುಕೊಂಡು ಹೋಗಿ. ಶಂಕರ್ ನಾಗ್‌ಗೆ ಅಭಿಮಾನಿ ಎಂದು ಹೇಳಿಕೊಳ್ಳಲು ಅಷ್ಟಾದರೂ ಯೋಗ್ಯತೆ ಬೇಡವೆ?

ಜೈ ಕನ್ನಡ!