ರಾಟೆಯ ಅಳತೆ, ಏರಿನ ಲೆಕ್ಕ

(ವಾರ್ಷಿಕೋತ್ಸವದ ಸಭೆಯಲ್ಲಿ ಮಾಡಿದ ಭಾಷಣ)



ವಾರ್ಷಿಕೋತ್ಸವದ ಸಭೆಯೆಂದರೆ ಸಾಹಿತ್ಯ, ಸಂಗೀತ, ಯಕ್ಷಗಾನಗಳ ಮಾತನ್ನು ನಿರೀಕ್ಷಿಸಿ ತಾವೆಲ್ಲರೂ ಬಂದಿರುತ್ತೀರಿ. ಅಂಥ ಸಭೆಯಲ್ಲಿ ಮೋಟಾರ್ ಸೈಕಲಿನ ರಾಟೆಯನ್ನು ಕುರಿತು ನಾಲ್ಕು ಮಾತುಗಳನ್ನಾಡಬೇಕೆಂದು ಕಾರ್ಯದರ್ಶಿಗಳು ಅಪ್ಪಣೆ ಮಾಡಿದ್ದಾರೆ. ವಿಷಯ ಒಣಗಿದ್ದೆಂದು ಕೆಲವರಿಗೆ ತೋರಬಹುದು. ಆದರೆ ನಮ್ಮ ಮಕ್ಕಳು ಶಾಲೆಯಲ್ಲಿ ಕನ್ನಡದಲ್ಲಿಯೇ ಕಲಿಯುವ ಗುಣಾಕಾರ ಭಾಗಾಕಾರಗಳು ಮನೆಯಂಗಳದಲ್ಲಿ ನಿಂತಿರುವ ಗಾಡಿಗೂ ಸಲ್ಲುತ್ತವೆಂಬುದನ್ನು ತೋರಿಸಲು ಇದಕ್ಕಿಂತ ಒಳ್ಳೆಯ ವಿಷಯ ನನಗೆ ಹೊಳೆಯುವುದಿಲ್ಲ.

ಬೋವಿಕಾನದವರಿಗೆ ನೆಲದ ಸ್ವಭಾವವನ್ನು ವಿವರಿಸಬೇಕಾಗಿಲ್ಲ. ಚೆರ್ಕಳದಿಂದ ಜಾಲ್ಸೂರಿಗೆ ಹೋಗುವ ಹೆದ್ದಾರಿ ನಮ್ಮ ಪೇಟೆಯನ್ನು ಹಾದುಹೋಗುತ್ತದೆ. ಅದನ್ನು ಬಿಟ್ಟು ಒಳದಾರಿ ಹಿಡಿದರೆ ಮುರಕಲ್ಲಿನ ಗುಡ್ಡ, ಗುಡ್ಡದ ಕೆಳಗೆ ಅಡಿಕೆ ತೋಟ, ಮತ್ತೆ ಏರು, ಮತ್ತೆ ಇಳಿತ. ಮನೆಗಿರುವ ಒಂದೇ ಗಾಡಿ ಬೆಳಗ್ಗೆ ಮಗುವನ್ನು ಶಾಲೆಗೆ ಮುಟ್ಟಿಸಬೇಕು, ಮಧ್ಯಾಹ್ನ ಅಡಿಕೆಯ ಚೀಲವನ್ನು ಹೊರಬೇಕು, ನಡುರಾತ್ರಿ ಜ್ವರ ಬಂದವರನ್ನು ಆಸ್ಪತ್ರೆಗೆ ಒಯ್ಯಬೇಕು. ಹೀಗಿರುವಾಗ ತರುಣನೊಬ್ಬನು ಪಟ್ಟಣದಲ್ಲಿ ಯಾರದೋ ಬಾಯಿಂದ “ಮುಂದಿನದನ್ನು ದೊಡ್ಡದು ಹಾಕಿಸು, ಗಾಡಿ ಹಾರುತ್ತದೆ” ಎಂಬ ಮಾತನ್ನು ಕೇಳಿ ಬಂದರೆ, ಆ ಮಾತಿನಲ್ಲಿ ಎಷ್ಟು ಸತ್ಯವಿದೆ ಎಂದು ತೂಗಿ ನೋಡುವುದು ಮನೆಯವರೆಲ್ಲರ ಕೆಲಸವಾಗುತ್ತದೆ.

ಮೊದಲು ರಾಟೆಯೆಂದರೇನೆಂದು ನೋಡೋಣ. ಬಾವಿಯ ಮೇಲಿನ ರಾಟೆಯನ್ನು ಎಲ್ಲರೂ ಬಲ್ಲೆವು. ಅದು ಎಳೆಯುವ ದಿಕ್ಕನ್ನು ಮಾತ್ರ ಬದಲಿಸುತ್ತದೆ. ಕೊಡದ ಭಾರವನ್ನು ಕಡಿಮೆ ಮಾಡುವುದಿಲ್ಲ. ಆದರೆ ಎರಡು ರಾಟೆಗಳನ್ನು ದೂರದೂರ ಇಟ್ಟು ನಡುವೆ ಬೆಲ್ಟು ಹಾಕಿದರೆ ಸಂಗತಿ ಬೇರೆಯಾಗುತ್ತದೆ. ಹಿಂದೆ ತೋಟದ ಎಂಜಿನಿನಿಂದ ಪಂಪಿಗೂ, ಅಕ್ಕಿ ಗಿರಣಿಯ ಎಂಜಿನಿನಿಂದ ಯಂತ್ರಕ್ಕೂ ಹಾಯುತ್ತಿದ್ದ ಉದ್ದನೆಯ ಬೆಲ್ಟನ್ನು ಹಿರಿಯರು ಕಂಡಿದ್ದೀರಿ. ಅಲ್ಲಿ ಒಂದು ರಾಟೆ ಚಿಕ್ಕದು, ಮತ್ತೊಂದು ದೊಡ್ಡದು. ಚಿಕ್ಕದು ದೊಡ್ಡದನ್ನು ತಿರುಗಿಸಿದಾಗ ಸುತ್ತು ಕಡಿಮೆಯಾಗುತ್ತದೆ, ಎಳೆತ ಹೆಚ್ಚುತ್ತದೆ. ದೊಡ್ಡದು ಚಿಕ್ಕದನ್ನು ತಿರುಗಿಸಿದಾಗ ಸುತ್ತು ಹೆಚ್ಚುತ್ತದೆ, ಎಳೆತ ತಗ್ಗುತ್ತದೆ. ಇಷ್ಟೇ ಸೂತ್ರ. ಉಳಿದುದೆಲ್ಲ ಇದರ ವಿಸ್ತಾರ.

ಇನ್ನು ಲೆಕ್ಕಕ್ಕೆ ಬರೋಣ. ಒಂದು ಗಾಡಿಯ ಎಂಜಿನಿನಲ್ಲಿ ೪ ಅಂಗುಲ ವ್ಯಾಸದ ರಾಟೆ, ಹಿಂದಿನ ಚಕ್ರದಲ್ಲಿ ೨೦ ಅಂಗುಲ ವ್ಯಾಸದ ರಾಟೆ ಇದೆಯೆಂದು ಭಾವಿಸಿರಿ. ಎಂಜಿನು ೫ ಸುತ್ತು ತಿರುಗಿದಾಗ ಚಕ್ರ ೧ ಸುತ್ತು ತಿರುಗುತ್ತದೆ. ಎಂಜಿನು ನಿಮಿಷಕ್ಕೆ ೨,೦೦೦ ಸುತ್ತು ತಿರುಗಿದರೆ ಚಕ್ರ ೪೦೦ ಸುತ್ತು ತಿರುಗೀತು. ಚಕ್ರದ ಸುತ್ತಳತೆ ೨ ಮೀಟರ್ ಎಂದಿಟ್ಟುಕೊಂಡರೆ ನಿಮಿಷಕ್ಕೆ ೮೦೦ ಮೀಟರ್, ಅಂದರೆ ಗಂಟೆಗೆ ೪೮ ಕಿಲೋಮೀಟರ್. ಈಗ ಎಂಜಿನಿನ ರಾಟೆಯನ್ನು ತೆಗೆದು ೫ ಅಂಗುಲದ್ದನ್ನು ಹಾಕಿ. ಅದೇ ೨,೦೦೦ ಸುತ್ತಿಗೆ ಚಕ್ರ ೫೦೦ ಸುತ್ತು ತಿರುಗಿ ವೇಗ ಗಂಟೆಗೆ ೬೦ ಕಿಲೋಮೀಟರ್ ಆಗುತ್ತದೆ. ಕಾಗದದ ಮೇಲೆ ಕಾಲು ಪಾಲು ಲಾಭ. ಆದರೆ ಹಿಂದಿನ ಚಕ್ರಕ್ಕೆ ಮುಟ್ಟುವ ಎಳೆತ ಐದರಲ್ಲಿ ನಾಲ್ಕು ಪಾಲಿಗೆ ಇಳಿದಿದೆ. ಒಂದು ಕೈಯಲ್ಲಿ ಕೊಟ್ಟದ್ದನ್ನು ರಾಟೆ ಇನ್ನೊಂದು ಕೈಯಲ್ಲಿ ತೆಗೆದುಕೊಂಡಿತು.

ಈ ಎಳೆತದ ಬೆಲೆ ಏರಿನಲ್ಲಿ ತಿಳಿಯುತ್ತದೆ. ಗಾಡಿ ೧೬೦ ಕಿಲೋ, ಇಬ್ಬರು ಸವಾರರು ೧೨೦ ಕಿಲೋ, ಚೀಲ ೨೦ ಕಿಲೋ. ಒಟ್ಟು ೩೦೦ ಕಿಲೋ. ೧೦ ಮೀಟರ್ ಸಾಗಿದರೆ ೧ ಮೀಟರ್ ಏರುವ ದಾರಿಯಲ್ಲಿ ಗಂಟೆಗೆ ೩೬ ಕಿಲೋಮೀಟರ್ ವೇಗದಿಂದ ಹೋದರೆ ಸೆಕೆಂಡಿಗೆ ೧೦ ಮೀಟರ್ ಸಾಗಿ ೧ ಮೀಟರ್ ಮೇಲೇರಿದಂತಾಯಿತು. ೭೫ ಕಿಲೋ ಭಾರವನ್ನು ಸೆಕೆಂಡಿಗೆ ೧ ಮೀಟರ್ ಎತ್ತುವುದೇ ಒಂದು ಅಶ್ವಶಕ್ತಿ. ಹಾಗಾದರೆ ೩೦೦ನ್ನು ೭೫ರಿಂದ ಭಾಗಿಸಿದರೆ, ಬರಿಯ ಏರಿಗಾಗಿಯೇ ೪ ಅಶ್ವಶಕ್ತಿ ಬೇಕು. ಯಾವ ರಾಟೆ ಹಾಕಿದರೂ ಈ ನಾಲ್ಕು ಮೂರಾಗುವುದಿಲ್ಲ. ಆದರೆ ೪ ಅಂಗುಲದ ರಾಟೆಯಿದ್ದಾಗ ಎಂಜಿನು ನಿಮಿಷಕ್ಕೆ ೧,೫೦೦ ಸುತ್ತಿನಲ್ಲಿ ಈ ಶಕ್ತಿಯನ್ನು ಕೊಟ್ಟರೆ ಸಾಕು. ೫ ಅಂಗುಲದ ರಾಟೆಯಿದ್ದಾಗ ೧,೨೦೦ ಸುತ್ತಿನಲ್ಲಿಯೇ ಕೊಡಬೇಕು. ಎಂಜಿನು ಒಂದು ಮಿತಿಗಿಂತ ನಿಧಾನವಾಗಿ ತಿರುಗುವಾಗ ಅಷ್ಟು ಶಕ್ತಿ ಅದರಲ್ಲಿ ಹುಟ್ಟುವುದೇ ಇಲ್ಲ. ಆಗ ಅದು ಬಡಿದುಕೊಳ್ಳುತ್ತದೆ, ಬಿಸಿಯಾಗುತ್ತದೆ. ಸವಾರನು ಕ್ಲಚ್ಚನ್ನು ಅರ್ಧ ಹಿಡಿದು ಅದರ ತಟ್ಟೆಗಳನ್ನು ಸುಡುತ್ತಾನೆ. ರಾಟೆ ಶಕ್ತಿಯನ್ನು ಸೃಷ್ಟಿಸುವುದಿಲ್ಲ. ಇರುವ ಶಕ್ತಿಯನ್ನು ವೇಗವಾಗಿ ಪಡೆಯಬೇಕೋ ಎಳೆತವಾಗಿ ಪಡೆಯಬೇಕೋ ಎಂಬುದನ್ನು ನಿರ್ಣಯಿಸುತ್ತದೆ. ಇದೊಂದು ಮಾತನ್ನು ತಾವು ಮನೆಗೆ ಕೊಂಡೊಯ್ದರೆ ನನ್ನ ಭಾಷಣ ಸಾರ್ಥಕ.

ಸಮತಟ್ಟಾದ ರಸ್ತೆಯಲ್ಲಾದರೂ ಲಾಭವಿಲ್ಲವೇ ಎಂದು ಕೇಳಬಹುದು. ಅಲ್ಲಿ ಗಾಳಿ ಎದುರಾಳಿ. ವೇಗ ನೂರಕ್ಕೆ ಹತ್ತರಷ್ಟು ಹೆಚ್ಚಬೇಕಾದರೆ ಗಾಳಿಯನ್ನು ಸೀಳಲು ಬೇಕಾದ ಶಕ್ತಿ ನೂರಕ್ಕೆ ಸುಮಾರು ಮೂವತ್ತಮೂರರಷ್ಟು ಹೆಚ್ಚಬೇಕು. ಅಷ್ಟು ಶಕ್ತಿ ಎಂಜಿನಿನಲ್ಲಿ ಇಲ್ಲದಿದ್ದರೆ ದೊಡ್ಡ ರಾಟೆ ಹಾಕಿದ ಮೇಲೆ ಗಾಡಿಯ ಪರಮ ವೇಗ ಏರುವುದರ ಬದಲು ಇಳಿಯಲೂಬಹುದು. ಸಮತಟ್ಟಿನಲ್ಲಿ ಎಂಜಿನು ತನ್ನ ಮಿತಿ ಮೀರಿ ಕಿರುಚುತ್ತಿದ್ದರೆ ಮಾತ್ರ ಮುಂದಿನದನ್ನು ತುಸು ದೊಡ್ಡದು ಮಾಡಿ ಅದಕ್ಕೆ ವಿಶ್ರಾಂತಿ ಕೊಡುವುದು ಸರಿಯಾದೀತು.

ಈ ಪ್ರಶ್ನೆ ಹೊಸದಲ್ಲ. ಇಪ್ಪತ್ತನೆಯ ಶತಮಾನದ ಆರಂಭದಲ್ಲಿ ಇಂಗ್ಲೆಂಡಿನ ಮೋಟಾರ್ ಸೈಕಲುಗಳಲ್ಲಿ ಬಹುಪಾಲು ಒಂದೇ ಬೆಲ್ಟಿನ ಮೇಲೆ ನಡೆಯುತ್ತಿದ್ದವು. ಗೇರುಪೆಟ್ಟಿಗೆಯಿಲ್ಲ, ರಾಟೆ ಎಷ್ಟಿದೆಯೋ ಅಷ್ಟೇ. ಸಮತಟ್ಟಿಗೆ ಹೊಂದಿಸಿದರೆ ಗುಡ್ಡದಲ್ಲಿ ತಳ್ಳಬೇಕು. ಗುಡ್ಡಕ್ಕೆ ಹೊಂದಿಸಿದರೆ ಸಮತಟ್ಟಿನಲ್ಲಿ ಎಂಜಿನು ಒದ್ದಾಡಬೇಕು. ಇದಕ್ಕೆ ಪರಿಹಾರವಾಗಿ ಜೆನಿತ್ ಎಂಬ ಸಂಸ್ಥೆ ‘ಗ್ರಾಡುವಾ’ ಎಂಬ ಉಪಾಯವನ್ನು ಹೂಡಿತು. ಎಂಜಿನಿನ ರಾಟೆಯನ್ನು ಎರಡು ತಟ್ಟೆಗಳಾಗಿ ಮಾಡಿ, ಅವು ಹತ್ತಿರ ಬಂದಾಗ ಬೆಲ್ಟು ಮೇಲೇರಿ ದೊಡ್ಡ ವ್ಯಾಸದಲ್ಲಿಯೂ, ದೂರ ಸರಿದಾಗ ಕೆಳಗಿಳಿದು ಚಿಕ್ಕ ವ್ಯಾಸದಲ್ಲಿಯೂ ಓಡುವಂತೆ ಮಾಡಿದರು. ಬೆಲ್ಟು ಸಡಿಲವಾಗದಂತೆ ಹಿಂದಿನ ಚಕ್ರವೇ ಹಿಂದೆ ಮುಂದೆ ಸರಿಯುತ್ತಿತ್ತು. ಗುಡ್ಡ ಹತ್ತುವ ಸ್ಪರ್ಧೆಗಳಲ್ಲಿ ಈ ಗಾಡಿ ಎಷ್ಟು ಮೇಲುಗೈ ಪಡೆಯಿತೆಂದರೆ ಅನೇಕ ಸಂಘಗಳು ಅದನ್ನು ಸ್ಪರ್ಧೆಯಿಂದಲೇ ಹೊರಗಿಟ್ಟವು. ಸಂಸ್ಥೆಯವರು ‘ನಿಷೇಧಿತ’ ಎಂಬ ಪದವನ್ನೇ ತಮ್ಮ ಲಾಂಛನದಲ್ಲಿ ಸೇರಿಸಿಕೊಂಡರು! ಅನಂತರ ಬಂದ ರಡ್ಜ್ ಮಲ್ಟಿಯಲ್ಲಿ ಮುಂದಿನ ರಾಟೆ ಹಿಗ್ಗುವಾಗ ಹಿಂದಿನದು ಕುಗ್ಗುತ್ತಿತ್ತು. ಐಲ್ ಆಫ್ ಮ್ಯಾನ್ ದ್ವೀಪದ ಪ್ರಸಿದ್ಧ ಪಂದ್ಯ ೧೯೧೧ರಲ್ಲಿ ಬೆಟ್ಟದ ದಾರಿಗೆ ಬದಲಾದಾಗ ಅದರ ಮುಖ್ಯ ಸ್ಪರ್ಧೆಯ ಮೊದಲ ಮೂರು ಸ್ಥಾನಗಳು ಚೈನು ಮತ್ತು ಎರಡು ವೇಗದ ಗೇರುಪೆಟ್ಟಿಗೆಯಿದ್ದ ಅಮೆರಿಕದ ಇಂಡಿಯನ್ ಗಾಡಿಗಳಿಗೆ ದೊರೆತವು. ೧೯೧೪ರಲ್ಲಿ ಅದೇ ಸ್ಪರ್ಧೆಯನ್ನು ಸಿರಿಲ್ ಪುಲಿನ್ ರಡ್ಜ್ ಮಲ್ಟಿಯ ಮೇಲೆ ಗೆದ್ದನು. ಬೆಟ್ಟದ ದಾರಿಯೇ ಇಷ್ಟೆಲ್ಲ ಪಾಠ ಕಲಿಸಿತು.

ಆದರೂ ಅಂದಿನ ಬೆಲ್ಟು ಉಳಿಯಲಿಲ್ಲ. ಮಳೆಯಲ್ಲಿ ಅದು ಜಾರುತ್ತಿತ್ತು. ರಾಟೆ ಬಹಳ ಚಿಕ್ಕದಾದರೆ ಹಿಡಿತ ಸಾಲದೆ, ಬಾಗಿ ಬಾಗಿ ಬೇಗ ಹರಿಯುತ್ತಿತ್ತು. ನಮ್ಮ ಆಷಾಢದ ಮಳೆಯನ್ನು ಬಲ್ಲವರಿಗೆ ಇದನ್ನು ಹೆಚ್ಚು ಹೇಳಬೇಕಿಲ್ಲ. ರಾಟೆಯ ಸ್ಥಾನಕ್ಕೆ ಹಲ್ಲುಚಕ್ರವೂ, ಬೆಲ್ಟಿನ ಸ್ಥಾನಕ್ಕೆ ಚೈನೂ ಬಂದವು. ಮೆಕ್ಯಾನಿಕರು ಸ್ಪ್ರಾಕೆಟ್ ಎನ್ನುವುದು ಈ ಹಲ್ಲುಚಕ್ರವನ್ನೇ. ಇಲ್ಲಿ ವ್ಯಾಸವನ್ನು ಅಳೆಯುವ ಬದಲು ಹಲ್ಲುಗಳನ್ನು ಎಣಿಸಿದರೆ ಸಾಕು; ಸೂತ್ರ ಅದೇ.

ಉದಾಹರಣೆಗೆ, ೧೯೫೫ರಲ್ಲಿ ಮದರಾಸಿನಲ್ಲಿ ಸ್ಥಾಪಿತವಾದ ಎನ್‌ಫೀಲ್ಡ್ ಇಂಡಿಯಾ ಸಂಸ್ಥೆಯ ಹಳೆಯ ನಾಲ್ಕು ಗೇರಿನ ೩೫೦ ಬುಲೆಟ್ಟನ್ನು ನೋಡಿರಿ. (ಗೇರು ಎಂದೊಡನೆ ಗೇರುಬೀಜವನ್ನು ನೆನೆಯುವ ಊರು ನಮ್ಮದು, ಇದು ಬೇರೆಯ ಗೇರು.) ಅದರ ಮುಂದಿನ ಹಲ್ಲುಚಕ್ರದಲ್ಲಿ ೧೬ ಹಲ್ಲು, ಹಿಂದಿನದರಲ್ಲಿ ೩೮. ಹಿಂದಿನದು ಬ್ರೇಕಿನ ಡ್ರಮ್ಮಿನೊಡನೆ ಒಂದೇ ತುಂಡಾಗಿರುವುದರಿಂದ ಬದಲಿಸುವವರು ಮುಂದಿನದನ್ನೇ ಬದಲಿಸುತ್ತಾರೆ. ೧೬ರ ಬದಲು ೧೭ ಹಾಕಿದರೆ ಅದೇ ಸುತ್ತಿಗೆ ವೇಗ ನೂರಕ್ಕೆ ೬ಕ್ಕೂ ತುಸು ಹೆಚ್ಚು ಏರುತ್ತದೆ, ಎಳೆತ ನೂರಕ್ಕೆ ಸುಮಾರು ೬ ಇಳಿಯುತ್ತದೆ. ೧೮ ಹಾಕಿದರೆ ವೇಗ ೧೨.೫ ಏರುತ್ತದೆ, ಎಳೆತ ಸುಮಾರು ೧೧ ಇಳಿಯುತ್ತದೆ. ಮುಂದೆ ಒಂದು ಹಲ್ಲು ಬದಲಿಸುವುದೆಂದರೆ ಹಿಂದೆ ಎರಡು ಮೂರು ಹಲ್ಲು ಬದಲಿಸಿದಷ್ಟು ಪರಿಣಾಮವೆಂಬುದನ್ನು ಮರೆಯಬಾರದು. ಉದ್ದನೆಯ ಹೆದ್ದಾರಿಯಲ್ಲಿ ಒಬ್ಬನೇ ಸಾಗುವವನಿಗೆ ೧೭ ಹಿತವಾಗಬಹುದು. ಹೆಂಡತಿ ಮಕ್ಕಳೊಡನೆ ಗುಡ್ಡದ ಮನೆಗೆ ಏರುವವನಿಗೆ ೧೬ರಲ್ಲಿಯೇ ಸುಖ.

ಕನ್ನಡ ನಾಡಿನದೇ ಆದ ಮೋಟಾರ್ ಸೈಕಲಿನ ಹೆಸರನ್ನೂ ಇಲ್ಲಿ ಸ್ಮರಿಸಬೇಕು. ಮೈಸೂರಿನ ಐಡಿಯಲ್ ಜಾವಾ ಕಾರ್ಖಾನೆ ೧೯೬೧ರಲ್ಲಿ ಜಯಚಾಮರಾಜ ಒಡೆಯರ ಹಸ್ತದಿಂದ ಉದ್ಘಾಟನೆಗೊಂಡು ೧೯೯೬ರವರೆಗೆ ಜಾವಾ, ಯೆಜ್ಡಿ ಗಾಡಿಗಳನ್ನು ತಯಾರಿಸಿತು. ಅವು ಎಣ್ಣೆಯನ್ನು ಪೆಟ್ರೋಲಿನೊಡನೆ ಬೆರೆಸಿ ಓಡಿಸುವ ಟೂ ಸ್ಟ್ರೋಕ್ ಎಂಜಿನುಗಳು. ಅಂಥ ಎಂಜಿನಿಗೆ ಇಳಿತದಲ್ಲಿ ಆಕ್ಸಲರೇಟರನ್ನು ಪೂರ್ತಿ ಮುಚ್ಚಿ ಬಹಳ ದೂರ ಓಡಿಸಿದರೆ ಪೆಟ್ರೋಲಿನ ಜೊತೆಗೆ ಎಣ್ಣೆಯೂ ಕಡಿಮೆಯಾಗಿ ಒಳಭಾಗ ಒಣಗುತ್ತದೆ. ಹಲ್ಲಿನ ಲೆಕ್ಕದೊಡನೆ ಎಂಜಿನಿನ ಜಾತಿಯನ್ನೂ ತಿಳಿಯಬೇಕೆಂಬುದಕ್ಕೆ ಇದನ್ನು ಹೇಳಿದೆ.

ಸಹೋದರಿಯರು ಹೆಚ್ಚಾಗಿ ಓಡಿಸುವ ಗೇರಿಲ್ಲದ ಪೆಟ್ರೋಲ್ ಸ್ಕೂಟರಿನ ವಿಷಯ ಇನ್ನೂ ಸ್ವಾರಸ್ಯವಾದುದು. ಅಲ್ಲಿ ಹಳೆಯ ಹಿಗ್ಗು-ಕುಗ್ಗುವ ರಾಟೆಯೇ ಹೊಸ ರೂಪದಲ್ಲಿ ಮರಳಿ ಬಂದಿದೆ. ಮುಂದಿನ ರಾಟೆಯೊಳಗೆ ಚಿಕ್ಕ ಚಿಕ್ಕ ಉರುಳೆಗಳಿವೆ. ಎಂಜಿನು ವೇಗವಾಗಿ ತಿರುಗಿದಂತೆ ಅವು ಹೊರಗೆ ಸಿಡಿದು ತಟ್ಟೆಯನ್ನು ಒತ್ತುತ್ತವೆ, ಬೆಲ್ಟು ಮೇಲೇರುತ್ತದೆ, ಹಿಂದಿನ ರಾಟೆ ತನ್ನ ಸ್ಪ್ರಿಂಗನ್ನು ಒತ್ತಿಕೊಂಡು ಬಾಯಿ ತೆರೆಯುತ್ತದೆ. ಸವಾರರು ಕೈಯಾಡಿಸದೆಯೇ ಅನುಪಾತ ಬದಲಾಗುತ್ತದೆ. ಉರುಳೆಗಳನ್ನು ಹಗುರ ಮಾಡಿದರೆ ಎಂಜಿನು ಹೆಚ್ಚು ಸುತ್ತಿನಲ್ಲಿದ್ದು ಏರಿಗೆ ಚುರುಕಾಗುತ್ತದೆ, ಪೆಟ್ರೋಲು ಹೆಚ್ಚು ಕುಡಿಯುತ್ತದೆ. ಭಾರ ಮಾಡಿದರೆ ಶಾಂತವಾಗಿ ಓಡುತ್ತದೆ, ಏರಿನಲ್ಲಿ ಮಂದವಾಗುತ್ತದೆ. ಉರುಳೆಗಳು ಸವೆದು ಒಂದು ಬದಿ ಚಪ್ಪಟೆಯಾದರೂ, ಬೆಲ್ಟು ಸವೆದು ಅಗಲ ಕಡಿಮೆಯಾದರೂ ಅನುಪಾತ ತಾನಾಗಿಯೇ ಕೆಡುತ್ತದೆ. “ಗಾಡಿ ಮೊದಲಿನಂತೆ ಏರುವುದಿಲ್ಲ” ಎಂಬ ದೂರಿಗೆ ಅನೇಕ ವೇಳೆ ಕಾರಣ ಇದೇ. ಬೆಂಗಳೂರಿನ ಏಥರ್ ಸಂಸ್ಥೆ ೨೦೧೮ರಲ್ಲಿ ತಂದ ವಿದ್ಯುತ್ ಸ್ಕೂಟರಿನಲ್ಲಿಯೂ ಬೆಲ್ಟಿದೆ. ಆದರೆ ಅದು ಹಲ್ಲುಳ್ಳ ಬೆಲ್ಟು, ಆದ್ದರಿಂದ ಹಿಂದಿನಂತೆ ಜಾರುವುದಿಲ್ಲ.

ಏರಿನಷ್ಟೇ ಮುಖ್ಯವಾದುದು ಇಳಿತ. ಗೇರಿನ ಗಾಡಿಯಲ್ಲಿ ಆಕ್ಸಲರೇಟರ್ ಬಿಟ್ಟಾಗ ಎಂಜಿನೇ ಚಕ್ರವನ್ನು ಹಿಂದಕ್ಕೆ ಹಿಡಿಯುತ್ತದೆ. ಎಳೆತ ಹೆಚ್ಚಿರುವ ಅನುಪಾತದಲ್ಲಿ ಈ ಹಿಡಿತವೂ ಹೆಚ್ಚು. ವೇಗಕ್ಕಾಗಿ ಮುಂದಿನದನ್ನು ದೊಡ್ಡದು ಮಾಡಿದವನು ಇಳಿತದ ಹಿಡಿತವನ್ನೂ ಕಳೆದುಕೊಳ್ಳುತ್ತಾನೆ, ಭಾರವೆಲ್ಲ ಬ್ರೇಕಿನ ಮೇಲೆ ಬೀಳುತ್ತದೆ. ಗೇರಿಲ್ಲದ ಸ್ಕೂಟರಿನಲ್ಲಿ ಈ ಹಿಡಿತ ಮೊದಲೇ ಕಡಿಮೆ. ನಿಧಾನವಾದಾಗ ಕ್ಲಚ್ಚು ಬಿಟ್ಟುಕೊಂಡು ಗಾಡಿ ತನ್ನಷ್ಟಕ್ಕೆ ಉರುಳುತ್ತದೆ. ಪಾಚಿ ಕಟ್ಟಿದ ಮುರಕಲ್ಲಿನ ಇಳಿತದಲ್ಲಿ, ಹಿಂದೆ ಮಗು ಕುಳಿತಿರುವಾಗ, ಇದರ ಅರ್ಥವೇನೆಂದು ತಾಯಂದಿರಿಗೆ ನಾನು ಹೇಳಬೇಕಾಗಿಲ್ಲ.

ಹಾಗಾದರೆ ಆರಿಸುವುದು ಹೇಗೆ? ಮೊದಲನೆಯದಾಗಿ, ದಿನವೂ ಹೋಗುವ ದಾರಿಯಲ್ಲಿ ಅತಿ ಕಡಿದಾದ ಏರು ಯಾವುದು, ಅತಿ ಹೆಚ್ಚಿನ ಭಾರ ಎಷ್ಟು ಎಂಬುದನ್ನು ಗುರುತಿಸಿರಿ; ವರ್ಷಕ್ಕೊಮ್ಮೆ ಹೋಗುವ ದೂರದ ಹೆದ್ದಾರಿಯನ್ನಲ್ಲ. ಎರಡನೆಯದಾಗಿ, ಗಾಡಿ ಏರದಿದ್ದರೆ ರಾಟೆಯನ್ನು ದೂರುವ ಮುಂಚೆ ಬೆಲ್ಟು, ಉರುಳೆ, ಚೈನು, ಕ್ಲಚ್ಚು, ಟೈರಿನ ಗಾಳಿ, ಒತ್ತಿ ಹಿಡಿದ ಬ್ರೇಕು ಇವನ್ನು ಪರೀಕ್ಷಿಸಿರಿ. ಮೂರನೆಯದಾಗಿ, ಬದಲಿಸಲೇಬೇಕಾದರೆ ತಯಾರಕರು ಆ ಗಾಡಿಗೆ ಒಪ್ಪಿರುವ ಅಳತೆಗಳೊಳಗೆ, ಒಮ್ಮೆಗೆ ಒಂದೇ ಹಲ್ಲು. ಹೊಸ ಹಲ್ಲುಚಕ್ರಕ್ಕೆ ಸವೆದ ಚೈನನ್ನು ಜೋಡಿಸಬೇಡಿರಿ. ಎರಡೂ ಬೇಗ ಹಾಳಾಗುತ್ತವೆ. ನಾಲ್ಕನೆಯದಾಗಿ, ವೇಗಮಾಪಕ ಗೇರುಪೆಟ್ಟಿಗೆಯಿಂದ ನಡೆಯುವ ಗಾಡಿಗಳಲ್ಲಿ ಹಲ್ಲು ಬದಲಿಸಿದೊಡನೆ ಮುಳ್ಳು ಸುಳ್ಳು ಹೇಳತೊಡಗುತ್ತದೆ; ಮುಂದಿನ ಚಕ್ರದಿಂದ ನಡೆಯುವುದಾದರೆ ಈ ತೊಂದರೆಯಿಲ್ಲ. ಐದನೆಯದಾಗಿ, ೧೯೮೮ರ ಮೋಟಾರು ವಾಹನ ಕಾಯಿದೆಯ ೫೨ನೆಯ ವಿಧಿ ತಯಾರಕರು ನಮೂದಿಸಿದ ವಿವರಗಳಿಗೆ ಭಿನ್ನವಾಗುವಂತೆ ವಾಹನವನ್ನು ಮಾರ್ಪಡಿಸುವುದನ್ನು ತಡೆಯುತ್ತದೆ. ಸಂಶಯವಿದ್ದರೆ ಕೈಯಿಡುವ ಮುಂಚೆ ಕೇಳಿ ತಿಳಿಯುವುದು ಲೇಸು.

ತರುಣ ಮಿತ್ರರಲ್ಲಿ ಒಂದು ವಿಜ್ಞಾಪನೆ. ವೇಗದ ಆಸೆ ನಿಮ್ಮ ವಯಸ್ಸಿಗೆ ಸಹಜ. ಅದನ್ನು ನಾನು ಹಳಿಯುವುದಿಲ್ಲ. ಆದರೆ ಗಾಡಿಯ ಮೇಲೆ ಕೈಯಿಡುವ ಮುಂಚೆ ಒಂದು ಹಾಳೆ ತೆಗೆದುಕೊಂಡು ಹಲ್ಲುಗಳನ್ನು ಎಣಿಸಿ, ಭಾಗಿಸಿ, ಗಳಿಕೆಯನ್ನೂ ನಷ್ಟವನ್ನೂ ಎದುರೆದುರು ಬರೆಯಿರಿ. ಆ ಹಾಳೆಯನ್ನು ತಂದೆಗೂ ತಾಯಿಗೂ ತೋರಿಸಿರಿ. ಅದೇ ಗಾಡಿಯಲ್ಲಿ ಅವರೂ ಕುಳಿತುಕೊಳ್ಳುವವರಲ್ಲವೇ? ಲೆಕ್ಕವನ್ನು ಕನ್ನಡದಲ್ಲಿಯೇ ಮಾಡಿರಿ. ಭಾಗಲಬ್ಧ ಯಾವ ಭಾಷೆಯಲ್ಲಿಯೂ ಬದಲಾಗುವುದಿಲ್ಲ.

ಸಭೆ ಮುಗಿದ ಮೇಲೆ ತಮ್ಮೆಲ್ಲರ ಗಾಡಿಗಳೂ ಏರನ್ನು ನಿರಾಯಾಸವಾಗಿ ಏರಿ, ಇಳಿತವನ್ನು ಜೋಪಾನವಾಗಿ ಇಳಿದು ಮನೆ ಸೇರಲೆಂದು ಹಾರೈಸಿ, ನನ್ನ ಮಾತನ್ನು ಮುಗಿಸುತ್ತೇನೆ.